ಟೀವಿಯೊಳಗಿನ ಬೀಗಿತ್ತಿ

ನಿಮ್ಮ ದೊಡ್ಡಜ್ಜಿಗೆ ಶಿರಸಿ, ಸಿದ್ದಾಪುರ, ಯಲ್ಲಾಪುರ, ಮೂರೂ ಕಡೆ ನೆಂಟರಿದ್ದಾರೆ. ಅದರಲ್ಲಿ ವಿಶೇಷವೇನೂ ಇಲ್ಲ. ಆದರೆ ಟೀವಿಯ ಒಳಗೂ ಒಬ್ಬಳು ಬೀಗಿತ್ತಿ ಇರುವುದು, ನನಗೆ ತಿಳಿದ ಮಟ್ಟಿಗೆ, ಅವಳೊಬ್ಬಳಿಗೇ!

ಮಕ್ಕಳೇ, ನಾಲ್ಕು ಜನರೆದುರು ಕೂತು ಕತೆ ಹೇಳಲು ನನಗೆ ಬಾರದು. ಅದಕ್ಕೇ ಬರೆದಿಡುತ್ತಿದ್ದೇನೆ. ನಗು ಬಂದಲ್ಲಿ ನಕ್ಕುಬಿಡಿ, ಅವಳೇನೂ ಬೇಸರ ಮಾಡಿಕೊಳ್ಳುವುದಿಲ್ಲ.

ದೊಡ್ಡಜ್ಜಿ ಎಂದರೆ ನನ್ನ ಓರಗಿತ್ತಿ, ನಿಮ್ಮ ಅಜ್ಜನ ಅಣ್ಣನ ಹೆಂಡತಿ. ನಾನು ಕರೆಯುವುದು ಅಕ್ಕ ಎಂದು. ಇಸಳೂರಿನಲ್ಲಿ ನಮ್ಮಿಬ್ಬರ ಮನೆಗಳ ನಡುವೆ ಒಂದೇ ಗೋಡೆ. ನಿಮ್ಮ ಅಜ್ಜ ತೀರಿಕೊಂಡ ಮೇಲೆ ಸಂಜೆ ಏಳಕ್ಕೆ ಅಕ್ಕನ ಮನೆಗೆ ಟೀವಿ ನೋಡಲು ಹೋಗುವುದು ನನಗೆ ರೂಢಿಯಾಯಿತು. ಚಹಾ ಮಾಡಿಕೊಟ್ಟು ಅಡುಗೆಮನೆಯ ಹೊಸಿಲ ಮೇಲೆ ಕೂರುತ್ತಿದ್ದೆ. ಅಲ್ಲಿಂದ ಟೀವಿ ಅರ್ಧ ಕಾಣುತ್ತಿತ್ತು, ಅಕ್ಕ ಪೂರ್ತಿ ಕಾಣುತ್ತಿದ್ದಳು. ನೋಡುವುದಕ್ಕೆ ಅಕ್ಕನೇ ಚೆನ್ನಾಗಿದ್ದಳು.

ವಾರ್ತೆ ಓದುವವನು ನಮಸ್ಕಾರ ಎಂದರೆ ಅವಳು ನೆಟ್ಟಗೆ ಕೂತು, ಸೆರಗು ಸರಿಮಾಡಿಕೊಂಡು, ತಾನೂ ನಮಸ್ಕಾರ ಎನ್ನುತ್ತಿದ್ದಳು. ತಲೆಗೆ ಎಣ್ಣೆ ಹಚ್ಚಿಕೊಂಡ ದಿನ ಅವನ ಎದುರಿಗೇ ಬರುತ್ತಿರಲಿಲ್ಲ. ಬಾಗಿಲ ಮರೆಯಲ್ಲಿ ನಿಂತು ದೇಶದ ಸುದ್ದಿ ಕೇಳುತ್ತಿದ್ದಳು.

“ಅವನಿಗೆ ನಾವು ಕಾಣೂದಿಲ್ಲ ಅಕ್ಕಾ.”

“ನಿಂಗೆ ಎಂತ ಗೊತ್ತು? ನಮ್ಮನ್ನೇ ನೋಡ್ಕಂಡು ಮಾತಾಡ್ತಾನೆ. ನೆಲ ನೋಡ್ಕಂಡು ಮಾತಾಡ್ತಾನಾ?”

ಭಾವನವರು ಬರೀ ಟವೆಲು ಸುತ್ತಿಕೊಂಡು ಟೀವಿಯ ಎದುರು ಹಾದುಹೋದರಂತೂ ಮುಗಿಯಿತು. ಅಂದಿನ ಮುಖ್ಯ ಸುದ್ದಿ ಅವರದೇ!

ಬೆಳಿಗ್ಗೆ ರಾಶಿಫಲ. ಒಂದು ದಿನ ಅಕ್ಕನ ರಾಶಿಯವರು ಪಶ್ಚಿಮಕ್ಕೆ ಮುಖಮಾಡಿ ಹೆಜ್ಜೆ ಇಡಬಾರದು ಎಂದು ಹೇಳಿದರು. ಅವರ ಬಚ್ಚಲುಮನೆ ಇರುವುದು ಪಶ್ಚಿಮಕ್ಕೆ. ಎಂಟು ಗಂಟೆಯವರೆಗೆ ತಡೆದುಕೊಂಡು ಕೂತಳು. ಆಮೇಲೆ ಉಪಾಯ ಹೊಳೆಯಿತು. ಪೂರ್ವಕ್ಕೆ ಮುಖಮಾಡಿ, ಹಿಂದೆ ಹಿಂದೆ ಹೆಜ್ಜೆ ಇಡುತ್ತಾ ಬಚ್ಚಲಿಗೆ ಹೊರಟಳು! ಅತ್ತ ಕಡೆಯಿಂದ ಭಾವನವರು ತುಂಬಿದ ಬಕೆಟ್ಟು ಹಿಡಿದು ಬರುತ್ತಿದ್ದರು. ಅಕ್ಕ ತಲೆಯಿಂದ ಕಾಲಿನವರೆಗೆ ಒದ್ದೆ. ಆದರೂ ಅವಳ ಮುಖದಲ್ಲಿ ಗೆಲುವು.

“ಕಂಡ್ಯಾ? ನೀರಿನ ಗಂಡಾಂತರ ಇದೆ ಅಂತನೂ ಹೇಳಿದ್ದ!”

ಇನ್ನು ಬೀಗಿತ್ತಿಯ ವಿಷಯ. ಏಳು ಗಂಟೆಯ ಸೀರಿಯಲ್ಲಿನಲ್ಲಿ ತಂದೆತಾಯಿ ಇಲ್ಲದ ಒಬ್ಬ ಹುಡುಗಿ ದೊಡ್ಡ ಮನೆಗೆ ಸೊಸೆಯಾಗಿ ಬಂದಿದ್ದಳು. ಅತ್ತೆ ಬಹಳ ಜೋರು. ಮಾತಾಡುವುದಕ್ಕಿಂತ ಕಣ್ಣು ಕೆಕ್ಕರಿಸುವುದೇ ಹೆಚ್ಚು. ಒಂದು ದಿನವಂತೂ ಅರ್ಧ ಗಂಟೆ ಪೂರ್ತಿ ಕೆಕ್ಕರಿಸಿಯೇ ಕಳೆದಳು. “ನಿನ್ನನ್ನು ಕೇಳುವವರು ಯಾರಿದ್ದಾರೆ, ತವರಿದೆಯೇ?” ಎಂದು ಅತ್ತೆ ಸೊಸೆಯನ್ನು ಹಂಗಿಸಿದಾಗ ಅಕ್ಕ ಎದ್ದು ನಿಂತಳು.

“ಎಂತಕ್ಕೆ ಇಲ್ಲ? ನಾವಿದ್ದೇವೆ!”

ಅಂದಿನಿಂದ ಇಸಳೂರು ಆ ಹುಡುಗಿಯ ತವರಾಯಿತು. ಆ ಅತ್ತೆ ಅಕ್ಕನಿಗೆ ಬೀಗಿತ್ತಿಯಾದಳು.

ಹುಡುಗಿ ಬಸುರಿಯಾದಳು. ಬಯಕೆ ಊಟ ಹಾಕುವುದು ತವರಿನವರಲ್ಲವೇ? ಅಕ್ಕ ಅಕ್ಕಪಕ್ಕದ ನಾಲ್ಕು ಮುತ್ತೈದೆಯರನ್ನು ಕರೆದಳು. ಟೀವಿಯೆದುರು ಬಾಳೆಎಲೆ ಹಾಕಿ, ರಂಗೋಲಿ ಬಿಡಿಸಿ, ಮಡಿಲು ತುಂಬಲು ಅಕ್ಕಿ, ಕಾಯಿ, ಹಸಿರು ಬಳೆ ಇಟ್ಟಳು. ಹೋಳಿಗೆ, ಚಿತ್ರಾನ್ನ, ಪಾಯಸ ಎಲ್ಲವನ್ನೂ ಮಾಡಿದವಳು ನಾನು. ಆದರೆ ಆರತಿಯ ಹೊತ್ತಿಗೆ ನಾನು ಅಡುಗೆಮನೆಯಲ್ಲೇ ಇದ್ದೆ. ಅರಿಸಿನ ಕುಂಕುಮದ ಕೆಲಸಕ್ಕೆ ನಾನು ಮುಂದೆ ಹೋಗುವಂತಿರಲಿಲ್ಲ. ನಿಮ್ಮ ಅಜ್ಜ ಹೋದಾಗಲೇ ಅಕ್ಕ ಹೇಳಿದ್ದಳು, “ಬೇಜಾರ್ ಮಾಡ್ಕಬೇಡ. ಶಾಸ್ತ್ರ ಅಂದ್ರೆ ಶಾಸ್ತ್ರ” ಎಂದು. ನನ್ನ ಮಗಳ ಮದುವೆಯಲ್ಲೂ ಧಾರೆ ಎರೆದಿದ್ದು ಅಕ್ಕ ಮತ್ತು ಭಾವ. ನಾನು ಒಲೆಯ ಹತ್ತಿರ ಕೂತು ವಾದ್ಯದ ಸದ್ದು ಕೇಳಿದೆ. ಅದು ಹೋಗಲಿ, ಗಾಜಿನೊಳಗಿನ ಬಸುರಿಗೂ ನನ್ನ ನೆರಳು ತಾಗಬಾರದೇ? ಅಂದು ನನಗೆ ನಗು ಬಂತು. ನಗುವೇ ಬಂತು ಎಂದು ಬರೆಯುತ್ತೇನೆ.

ಆರತಿ ಎತ್ತಿದ್ದೇ ಕರೆಂಟು ಹೋಯಿತು! ಅಕ್ಕ ಅಂಗಳಕ್ಕೆ ಹೋಗಿ ವಿದ್ಯುತ್ ಕಂಬಕ್ಕೆ ಬೈದಳು.

“ಊಟಕ್ಕೆ ಕೂತ ಬಸುರೀನ ಎಬ್ಬಿಸ್ತಾರನಾ ಯಾರಾದ್ರೂ!”

ಎಲೆಯ ಮೇಲಿನ ಹೋಳಿಗೆಯನ್ನು ಭಾವನವರು ತಿಂದರು. ಬಯಕೆ ಅವರಿಗೇ ಇದ್ದಂತೆ ಕಂಡಿತು.

ಮುಂದಿನ ವರ್ಷ ನನ್ನ ಮಗಳು, ಅಂದರೆ ನಿಮ್ಮ ಅಮ್ಮ, ನಿಜವಾಗಿ ಹೆರಿಗೆಗೆ ಬಂದಳು. ಪುಟ್ಟೀ, ಮೊದಲು ಹುಟ್ಟಿದವಳು ನೀನು. ಅದೇ ಹೊತ್ತಿಗೆ ಸೀರಿಯಲ್ಲಿನ ಹುಡುಗಿಗೂ ಮಗುವಾಯಿತು. ಆದರೆ ಅವಳ ಗಂಡ ಲಾರಿಗೆ ಸಿಕ್ಕಿ ತೀರಿಕೊಂಡಿದ್ದ. ಆ ಪಾತ್ರದವನಿಗೆ ಬೇರೆ ಸೀರಿಯಲ್ಲು ಸಿಕ್ಕಿತ್ತಂತೆ, ಹಾಗಾಗಿ ಲಾರಿ ತರಿಸಿದ್ದರು. ಮಗುವಿನ ತೊಟ್ಟಿಲಶಾಸ್ತ್ರ ಬಂತು. ಅತ್ತೆ ಕಣ್ಣು ಕೆಕ್ಕರಿಸಿ, “ಶುಭಕಾರ್ಯ ನಡೆಯುತ್ತಿದೆ. ನೀನು ಅಡುಗೆಮನೆಯಲ್ಲೇ ಇರು” ಎಂದಳು.

ಅಕ್ಕ ಸಿಡಿದು ಎದ್ದಳು.

“ಎಂತಾ ಹೆಂಗಸೇ ನೀನು! ಹೆತ್ತವಳು ತೊಟ್ಟಿಲ ಹತ್ರ ಬರೂದು ಬೇಡ್ವಾ? ಬೀಗಿತ್ತಿ ಅಂತ ಸುಮ್ನಿದ್ರೆ, ಅಡುಗೆಮನೇಲಿ ಕೂರು ಅಂತಾಳೆ!”

ಬೈಯುತ್ತಲೇ ಸಾಕ್ಷಿಗೆಂಬಂತೆ ನನ್ನ ಕಡೆ ತಿರುಗಿದಳು. ನಾನು ಎರಡು ಲೋಟ ಚಹಾ ಹಿಡಿದು ಅಡುಗೆಮನೆಯ ಹೊಸಿಲ ಮೇಲೆ ನಿಂತಿದ್ದೆ.

ಅಕ್ಕನ ಬಾಯಿ ತೆರೆದಂತೆಯೇ ಉಳಿಯಿತು. ಟೀವಿಯಲ್ಲಿ ಸೋಪಿನ ಜಾಹೀರಾತು ಬಂತು, ಹೋಯಿತು. ಆಮೇಲೆ, “ಚಾ ಆರಿ ಹೋಗ್ತದೆ. ಕೊಡು” ಎಂದಳು. ಅಷ್ಟೇ.

ನಾಲ್ಕು ದಿನ ಬಿಟ್ಟು ನಿನ್ನ ತೊಟ್ಟಿಲು, ನಮ್ಮ ಮನೆಯಲ್ಲೇ. ಯಾರೂ ಹೇಳುವ ಮೊದಲೇ ನಾನು ಅಡುಗೆಮನೆ ಸೇರಿದೆ. ರೂಢಿಯಾಗಿತ್ತಲ್ಲ. ಹೊರಗೆ ನಿನ್ನ ಅಳು ಕೇಳಿದಾಗ ಮಾತ್ರ ಸೌಟು ಬಿಟ್ಟು ಬಾಗಿಲವರೆಗೆ ಬಂದು ಹೋಗುತ್ತಿದ್ದೆ. ಪಕ್ಕದ ಮನೆಯವಳು, “ಅಕ್ಕಾ, ನೀವೇ ಹಿರಿ ಮುತ್ತೈದೆ. ಮಗುನ ಎತ್ಕಳಿ” ಎಂದಿದ್ದು ಕೇಳಿಸಿತು. ಸ್ವಲ್ಪ ಹೊತ್ತಿನಲ್ಲಿ ಅಕ್ಕ ಅಡುಗೆಮನೆಯ ಬಾಗಿಲಿಗೆ ಬಂದಳು.

“ಬಾರೇ ಹೊರಗೆ.”

“ಪಾಯಸ ತಳ ಹಿಡೀತದೆ ಅಕ್ಕಾ.”

“ಹಿಡೀಲಿ. ನೀ ಬಾ.”

ಕೈಹಿಡಿದು ಎಳೆದುಕೊಂಡೇ ಹೋದಳು. ಪಕ್ಕದ ಮನೆಯವಳು ಮೆಲ್ಲಗೆ, “ಅಲ್ಲ ಅಕ್ಕಾ, ಶಾಸ್ತ್ರ…” ಎಂದಳು.

“ಶಾಸ್ತ್ರ ನಂಗೆ ಹೇಳ್ಬೇಡ. ಇಷ್ಟು ವರ್ಷ ಹಿಡ್ಕಂಡು ಕೂತವಳು ನಾನೇ ಅಲ್ದಾ? ನಮ್ಮ ಬೀಗಿತ್ತಿ ಹಂಗೆ ನಾ ಆಗೂದಿಲ್ಲ.”

“ಯಾವ ಬೀಗಿತ್ತಿ?”

“ಟೀವಿಲಿ ಬರ್ತಾಳಲ್ಲ, ಆ ಕಣ್ಣು ಕೆಕ್ಕರಿಸೂಳು!”

ಎಲ್ಲರೂ ಗೊಳ್ಳೆಂದು ನಕ್ಕರು. ಆ ನಗುವಿನ ನಡುವೆಯೇ ಅಕ್ಕ ನಿನ್ನನ್ನು ನನ್ನ ಕೈಗೆ ಕೊಟ್ಟಳು. ಪುಟ್ಟೀ, ನಿನ್ನನ್ನು ತೊಟ್ಟಿಲಿಗೆ ಹಾಕಿ, ನಿನ್ನ ಕಿವಿಯಲ್ಲಿ ನಿನ್ನ ಹೆಸರನ್ನು ಮೂರು ಸಲ ಹೇಳಿದವಳು ನಾನು. ಆ ಗದ್ದಲದಲ್ಲಿ ನಿನಗೆ ಕೇಳಿಸಿತೋ ಇಲ್ಲವೋ ಗೊತ್ತಿಲ್ಲ. ಪಾಯಸ ಮಾತ್ರ ತಳ ಹಿಡಿಯಿತು.

ಸಂಜೆ ಏಳಕ್ಕೆ ಅದೇ ಪಾಯಸ ತೆಗೆದುಕೊಂಡು ಅಕ್ಕನ ಮನೆಗೆ ಹೋದೆ. ಒಳಗಿನಿಂದ ಎಂದಿನಂತೆ ಬೈಗುಳ ಕೇಳುತ್ತಿತ್ತು.

“ಹನ್ನೊಂದು ವರ್ಷ ಅವಳನ್ನ ಅಡುಗೆಮನೇಲಿ ಕೂರ್ಸಿದ್ಯಲ್ಲೇ! ಮಗಳ ಧಾರೆನೂ ನೋಡೂಕೆ ಬಿಡ್ಲಿಲ್ಲ. ಹೆಂಗೆ ಮನಸ್ಸು ಬಂತೇ ನಿಂಗೆ?”

ಬೀಗಿತ್ತಿಗೆ ಮಂಗಳಾರತಿ ನಡೆದಿದೆ ಎಂದುಕೊಂಡೆ. ಹೊಸಿಲು ದಾಟುವಾಗ ಯೋಚನೆ ಬಂತು. ಸೀರಿಯಲ್ಲಿನ ಹುಡುಗಿಯ ಗಂಡ ತೀರಿಕೊಂಡು ಎರಡು ತಿಂಗಳೂ ಆಗಿರಲಿಲ್ಲ. ಹನ್ನೊಂದು ವರ್ಷ ಎಲ್ಲಿಂದ ಬಂತು?

ಒಳಗೆ ನೋಡಿದೆ. ಕರೆಂಟು ಹೋಗಿತ್ತು. ದೇವರ ದೀಪದ ಬೆಳಕಿನಲ್ಲಿ ಅಕ್ಕ ಟೀವಿಯ ಎದುರು ಕೂತಿದ್ದಳು. ಕಪ್ಪು ಗಾಜಿನಲ್ಲಿ ಇದ್ದದ್ದು ಅವಳ ಮುಖವೊಂದೇ.

“ಅಕ್ಕಾ, ಪಾಯಸ. ಸ್ವಲ್ಪ ಸೀದು ಹೋಗಿದೆ” ಎಂದೆ.

ಅವಳು ತಿರುಗಲಿಲ್ಲ. ಸೆರಗಿನಿಂದ ಮುಖ ಒರೆಸಿಕೊಂಡು, ಬೆಂಚಿನ ತುದಿಗೆ ಸರಿದು, ಪಕ್ಕದ ಜಾಗವನ್ನು ಕೈಯಿಂದ ತಟ್ಟಿದಳು.

“ತಾ. ಆ ಹೊಸಿಲ ಮೇಲೆ ಎಂತಕ್ಕೆ ಕೂರ್ತೆ, ಇಲ್ಲಿ ಬಾ. ಅಲ್ಲಿಂದ ನಿಂಗೆ ಅರ್ಧನೇ ಕಾಣ್ತದೆ.”