ಮುದ್ದೆ ಅಗಿದ ಮುನಿಗಂಗಮ್ಮನ ಜನಾಂಗ

ಯುದ್ಧಕಾಲದಲ್ಲಿ, ೧೯೪೩ರ ಸುಮಾರಿಗೆ, ಹೊಸೂರು ಸೀಮೆಯಲ್ಲಿ ಎರಡು ಜನಾಂಗಗಳಿವೆಯೆಂದು ಆಹಾರ ಕಚೇರಿ ಪ್ರಕಟಿಸಿತು: ರಾಗಿ ಜನಾಂಗ ಮತ್ತು ಅಕ್ಕಿ ಜನಾಂಗ. ಅಲ್ಲಿಯವರೆಗೆ ಈ ಸಂಗತಿ ಜನರಿಗೇ ತಿಳಿದಿರಲಿಲ್ಲ.

ಪಡಿತರವನ್ನು ಜನಾಂಗ ನೋಡಿ ಹಂಚಬೇಕಿತ್ತು. ಮಾತಿನಿಂದ ಪತ್ತೆಹಚ್ಚೋಣವೆಂದರೆ, ಇಲ್ಲಿನವರು ಎತ್ತನ್ನು ತೆಲುಗಿನಲ್ಲಿ ಬೈದು, ಹೆಂಡತಿಯನ್ನು ಕನ್ನಡದಲ್ಲಿ ಕರೆದು, ಕಚೇರಿಯಲ್ಲಿ ತಮಿಳು ಆಡುತ್ತಿದ್ದರು. ಆದ್ದರಿಂದ ಮದರಾಸಿನಿಂದ ಬಂದ ಅಧಿಕಾರಿಯೊಬ್ಬರು ಶಾಸ್ತ್ರೀಯ ಪರೀಕ್ಷೆಯೊಂದನ್ನು ಗೊತ್ತುಮಾಡಿದರು. ಪ್ರತಿಯೊಬ್ಬರಿಗೂ ಒಂದು ತುತ್ತು ಮುದ್ದೆ ಕೊಡತಕ್ಕದ್ದು. ನುಂಗಿದವರು ರಾಗಿ ಜನಾಂಗ, ಅಗಿದವರು ಅಕ್ಕಿ ಜನಾಂಗ.

ಉದ್ದನಪಲ್ಲಿಯ ಮುತ್ತರಾಯಪ್ಪ ಗುಳುಂ ಎಂದು ನುಂಗಿ ರಾಗಿ ಜನಾಂಗವಾದ. ಅವನ ಹೆಂಡತಿ ಮುನಿಗಂಗಮ್ಮ ಮುದ್ದೆ ತಿರುವುವುದರಲ್ಲಿ ಊರಿಗೇ ಹೆಸರಾದವಳು. ಕಚೇರಿಯ ಮುದ್ದೆ ಬಾಯಿಗಿಟ್ಟವಳೇ ಮುಖ ಸಿಂಡರಿಸಿ ಅಗಿಯತೊಡಗಿದಳು.

“ಇದೇನ್ ಸಾಮಿ, ಬರೀ ಗಂಟು! ಹಿಟ್ಟು ಬೆಂದೇ ಇಲ್ವಲ್ಲ!”

“ಅಗಿದರು,” ಎಂದರು ಅಧಿಕಾರಿಗಳು. ಗುಮಾಸ್ತ ಅಶ್ವತ್ಥಪ್ಪ “ಅಕ್ಕಿ” ಎಂದು ಬರೆದ. ಅಕ್ಕಿ ದಾಸ್ತಾನಿಲ್ಲದ ಕಾರಣ ಅಕ್ಕಿ ಜನಾಂಗಕ್ಕೆ ಗೋಧಿ ಕೊಡಲಾಯಿತು.

ಒಂದು ಜನಾಂಗದ ಧಾನ್ಯವನ್ನು ಇನ್ನೊಂದು ಮುಟ್ಟಕೂಡದೆಂದು ನಿಯಮ. ಮುನಿಗಂಗಮ್ಮ ಹಿತ್ತಲಲ್ಲಿ ಬೇರೆ ಒಲೆ ಹೂಡಿ, ಗೋಧಿ ಬೇಯಿಸಿಕೊಂಡು ಅತ್ತಳು. ಮುತ್ತರಾಯಪ್ಪ ತಾನೇ ಮುದ್ದೆ ತಿರುವಿದ. ಹಿಟ್ಟು ತಿಂದವನು ಬೆಟ್ಟ ಕಿತ್ತಿಟ್ಟ ಅನ್ನುತ್ತಾರೆ. ಈ ಹಿಟ್ಟು ತಿಂದವನಿಗೆ ಚಾಪೆಯಿಂದ ಏಳಲೂ ಆಗಲಿಲ್ಲ. ಹೆಂಡತಿಯ ಕೈಯ ಮುದ್ದೆಯಿಲ್ಲದೆ ಬದುಕು ಬೇಡವೆನಿಸಿ, ಹೊಟ್ಟೆ ಹಿಡಿದುಕೊಂಡೇ ಕಚೇರಿಗೆ ಹೋದ.

“ಸಾಮಿ, ನನ್ ಹೆಂಡ್ರನ್ನ ನನ್ ಜನಾಂಗಕ್ಕೆ ಸೇರಿಸ್ಬುಡಿ.”

“ಹೆಂಡತಿಗೆ ಗಂಡನ ಜನಾಂಗವೇ ಬರುತ್ತದೆ. ಆದರೆ ನಿಮ್ಮ ಮದುವೆ ಜನಾಂಗಗಳು ಹುಟ್ಟುವ ಮುಂಚೆ ಆದದ್ದು, ಲೆಕ್ಕಕ್ಕಿಲ್ಲ. ಮತ್ತೆ ಮದುವೆಯಾಗಿ,” ಎಂದರು ಅಧಿಕಾರಿಗಳು.

ಆದರು. ಅಕ್ಷತೆಗೆ ಅಕ್ಕಿ ಸಿಗದೆ ಮೊಮ್ಮಕ್ಕಳು ಗೋಧಿ ಎರಚಿದರು. ಕೊರಳಿಗೆ ತಾಳಿ ಬಿದ್ದೊಡನೆ ರಾಗಿ ಜನಾಂಗವಾದ ಮುನಿಗಂಗಮ್ಮ ಹಸೆಮಣೆಯಿಂದ ನೇರ ಒಲೆಯ ಮುಂದೆ ಹೋಗಿ, ತನ್ನ ಮದುವೆಯ ಮುದ್ದೆಯನ್ನು ತಾನೇ ತಿರುವಿದಳು. ಮುತ್ತರಾಯಪ್ಪ ಮೊದಲ ತುತ್ತಿಗೇ ಕಣ್ಣೀರು ಹಾಕಿದ.

ಮದುವೆಯೂಟಕ್ಕೂ ಜನಾಂಗಕ್ಕೊಂದು ಸಾಲು. ಅತಿಥಿಯಾಗಿ ಬಂದು ಅಕ್ಕಿಯವರ ಸಾಲಿನಲ್ಲಿ ಕೂತಿದ್ದ ಅಧಿಕಾರಿಗಳು ಪರೀಕ್ಷೆಯ ಹಿರಿಮೆಯನ್ನು ವಿವರಿಸುತ್ತಾ, ಅಗಿದು ತೋರಿಸಲೆಂದು ಒಂದು ತುತ್ತು ಮುದ್ದೆ ಬಾಯಿಗಿಟ್ಟರು. ಬೆಣ್ಣೆಯಂಥ ಮುದ್ದೆ, ಜಾರಿ ಒಳಗೆ ಹೋಗಿಬಿಟ್ಟಿತು.

“ನುಂಗಿದ್ರಿ, ಸಾಮಿ,” ಎಂದು ಅಶ್ವತ್ಥಪ್ಪ ಲೇಖನಿ ತೆಗೆದ.

ಅಧಿಕಾರಿಗಳು ಒಂದು ಗಳಿಗೆ ಯೋಚಿಸಿ, ಎಲೆ ಎತ್ತಿಕೊಂಡು ರಾಗಿಯವರ ಸಾಲಿಗೆ ಬಂದು ಕೂತರು. ಊಟ ಮುಗಿದದ್ದೇ ಮದರಾಸಿನಲ್ಲಿದ್ದ ಹೆಂಡತಿಗೆ ತಂತಿ ಹೋಯಿತು: “ಮಕ್ಕಳನ್ನು ಕರೆದುಕೊಂಡು ಕೂಡಲೇ ಹೊರಟು ಬಾ. ನಮ್ಮ ಮದುವೆ.”

“ಹಿಟ್ಟು ನಾನ್ ತಿರುವ್ತೀನಿ ಬುಡಿ,” ಎಂದಳು ಮುನಿಗಂಗಮ್ಮ.