ಸಾಹೇಬರ ಒಂಬತ್ತು ಗಂಟೆ

ಕಾಲವನ್ನು ಅಳೆಯಲು ಮನುಷ್ಯ ಮೊದಲು ನೆರಳನ್ನು ನಂಬಿದ, ಆಮೇಲೆ ನೀರನ್ನು, ಮರಳನ್ನು, ಹಲ್ಲಿನ ಚಕ್ರವನ್ನು, ಕೊನೆಗೆ ಸಾಹೇಬರನ್ನು. ಗಡಿಯಾರದ ಇತಿಹಾಸ ಈ ಅಂತಿಮ ಘಟ್ಟ ತಲುಪಿದ್ದು ತೂಕ ಮತ್ತು ಅಳತೆ ಕಚೇರಿಯಲ್ಲಿ.

ಅಲ್ಲಿನ ನಿಯಮ ಸರಳ. ಸಾಹೇಬರು ಹೊಸ್ತಿಲು ದಾಟುವ ಕ್ಷಣವನ್ನೇ ಒಂಬತ್ತು ಗಂಟೆಯೆಂದು ಪರಿಗಣಿಸತಕ್ಕದ್ದು. ಒಂಬತ್ತಕ್ಕೆ ಮೊದಲೇ ಹಾಜರಿರುವ ಸಿಬ್ಬಂದಿಗೆ, ಕರ್ತವ್ಯನಿಷ್ಠೆ ಮೆಚ್ಚಿ, ಮುಂಜಾನೆ ಭತ್ಯೆ ಸಲ್ಲತಕ್ಕದ್ದು. ಹಾಗಾಗಿ ಗಡಿಯಾರದ ಮೇಸ್ತ್ರಿ ದಿನವೂ ಒಂಬತ್ತಾಗುವ ಮುನ್ನ ಸ್ಟೂಲ್ ಹತ್ತಿ ಗೋಡೆ ಗಡಿಯಾರದ ಲೋಲಕವನ್ನು ಒಂದು ಮಗ್ಗುಲಿಗೆ ಎಳೆದು ಹಿಡಿದು ಕಾಲವನ್ನು ನಿಲ್ಲಿಸುತ್ತಿದ್ದ. ಬೂಟಿನ ಸದ್ದಾದಾಗ ಬಿಡುತ್ತಿದ್ದ. ಸಾಹೇಬರು ಒಂದು ದಿನವೂ ತಡವಾಗಿ ಬಂದವರಲ್ಲ.

ಮೇಸ್ತ್ರಿ ನಿವೃತ್ತನಾಗುವ ದಿನ ಬಂತು. ಸಂಜೆ ಐದು ಹೊಡೆದರೆ ಮನೆ. ಕೈ ನಡುಗುವ ಮುಂಚೆ ತನ್ನದೇ ಒಂದು ಗಡಿಯಾರ ಮಾಡಬೇಕು, ಅದನ್ನು ಯಾರೂ ಹಿಡಿದು ನಿಲ್ಲಿಸಬಾರದು ಎಂಬುದು ಅವನ ಜೀವಮಾನದ ಆಸೆ. ಎಂದಿನಂತೆ ಲೋಲಕ ಹಿಡಿದ. ಸಾಹೇಬರು ಬರಲಿಲ್ಲ. ಹಿಂದಿನ ರಾತ್ರಿಯೇ ತೀರಿಕೊಂಡಿದ್ದರು.

ಕಚೇರಿ ಕಂಬನಿ ಮಿಡಿಯಿತು, ಆಮೇಲೆ ನಿಯಮ ನೋಡಿತು. ಸಾಹೇಬರು ಬರುವವರೆಗೆ ಒಂಬತ್ತಾಗುವಂತಿಲ್ಲ. ಹೊಸ ಸಾಹೇಬರನ್ನು ನಾಳೆ ಕಳಿಸುತ್ತೇವೆಂದು ಮೇಲಿನಿಂದ ಉತ್ತರ ಬಂತು. ನಾಳೆಯಾಗಲು ಇವತ್ತು ಮುಗಿಯಬೇಕಲ್ಲ. ಗುಮಾಸ್ತರು ರಾತ್ರಿ ಮನೆಗೆ ಹೋಗಿ ಮಲಗೆದ್ದು ಬರುತ್ತಿದ್ದರು. ಅದನ್ನು ಚಹಾ ವಿರಾಮವೆಂದು ಪರಿಗಣಿಸಲಾಯಿತು. ಭತ್ಯೆ ಬೆಳೆಯಿತು, ಜೊತೆಗೆ ಅವರ ಹೊಟ್ಟೆಯೂ. ತಕ್ಕಡಿಗೆ ಮುದ್ರೆ ಹಾಕಿಸಲು ಬಾಗಿಲಲ್ಲಿ ಕಾದಿದ್ದ ವ್ಯಾಪಾರಿಗಳು ಮುದ್ರೆಯಿಲ್ಲದೆಯೇ ತೂಗಿ, ಅದರಲ್ಲೇ ಹೆಚ್ಚು ಲಾಭವೆಂದು ಕಂಡುಕೊಂಡು, ಗೊಣಗುವುದನ್ನು ಬಿಟ್ಟರು. ಮೇಸ್ತ್ರಿ ಮಾತ್ರ ಅಲುಗುವಂತಿರಲಿಲ್ಲ. ಅಪ್ಪಣೆಯಿಲ್ಲದೆ ಲೋಲಕ ಬಿಟ್ಟವನಿಗೆ ಪಿಂಚಣಿ ಇಲ್ಲ.

ಮಳೆಗಾಲ ಮುಗಿದು ಚಳಿ ಬಂತು. ಆ ಬೆಳಗ್ಗೆ ಇನ್ನೂ ಮುಗಿದಿರಲಿಲ್ಲ. ದಿನಾ ಬುತ್ತಿ ತಂದು ತುತ್ತು ಕೊಟ್ಟು ಹೋಗುತ್ತಿದ್ದ ಹೆಂಡತಿಗೆ ಒಂದು ದಿನ ರೇಗಿತು.

"ಹಾಳಾಗಿ ಹೋಗ್ಲಿ ಪಿಂಚಣಿ. ಕೈ ಬಿಟ್ಟು ಮನೆಗೆ ಬನ್ರೀ."

ಮೇಸ್ತ್ರಿಯ ಎದೆ ಹಗುರಾಯಿತು. ಬೆರಳು ಸಡಿಲಿಸಿದ.

ಮ್ಯಾನೇಜರು ಓಡಿ ಬಂದರು. "ಇನ್ನೂ ಒಂಬತ್ತೂ ಆಗಿಲ್ಲ ತಾಯಿ, ಇಷ್ಟು ಬೇಗ ಕರ್ಕೊಂಡು ಹೋದ್ರೆ ಹೇಗೆ? ಇವರಿಗೆ ನಮ್ಮೆಲ್ಲರಿಗಿಂತ ಎರಡರಷ್ಟು ಭತ್ಯೆ. ಹೇಳಿಲ್ವಾ?"

ಹೇಳಿರಲಿಲ್ಲ. ಅವಳು ಗಂಡನನ್ನು ದುರುಗುಟ್ಟಿ ನೋಡಿದಳು. ಸೆರಗು ಸೊಂಟಕ್ಕೆ ಸಿಕ್ಕಿಸಿ, ಅವನನ್ನು ಇಳಿಸಿ, ತಾನೇ ಸ್ಟೂಲ್ ಹತ್ತಿದಳು.

"ನೀವು ನಿಧಾನವಾಗಿ ಊಟ ಮಾಡಿ. ಅಲ್ಲೀವರೆಗೆ ನಾನು ಹಿಡ್ಕೊಂಡಿರ್ತೀನಿ."

ಅವಳ ಹಿಡಿತ ಗಂಡನದಕ್ಕಿಂತ ಬಿಗಿಯಾಗಿತ್ತು.