ಶಾಲಿನ ಭಾವ ಮತ್ತು ಸೋಲುವ ತಂಡ

ನನ್ನ ಭಾವನ ಕಣ್ಣೆದುರು ನೀವು ಯಾವ ಸಾಧನೆಯನ್ನೂ ಮಾಡಕೂಡದು. ಮಾಡಿದಿರೋ, ಕೆಟ್ಟಿರಿ! ನೀವು ಬೇಡ ಬೇಡ ಎನ್ನುವಷ್ಟರಲ್ಲಿ ಹೆಗಲಿಗೆ ಶಾಲು ಬಿದ್ದಿರುತ್ತದೆ, ಕೊರಳಿಗೆ ಹಾರ ಬಂದಿರುತ್ತದೆ, ಕೈಗೆ ಹಣ್ಣಿನ ಬುಟ್ಟಿ ಸೇರಿರುತ್ತದೆ. ಲೋಕದ ಕಾರುಗಳ ಡಿಕ್ಕಿಯಲ್ಲಿ ಸ್ಟೆಪ್ನಿ ಇರುವ ಜಾಗದಲ್ಲಿ ನನ್ನ ಭಾವನ ಕಾರಿನಲ್ಲಿ ಶಾಲುಗಳ ಕಟ್ಟು ಇದೆ. ಮನುಷ್ಯ ಕೆಲಸ ಮಾಡುವುದಾದರೂ ಎಲ್ಲಿ? ದುಬೈಯ ರಾಸ್ ಅಲ್ ಖೋರ್‌ನಲ್ಲಿ, ಕಾರಿನ ಬಿಡಿಭಾಗಗಳ ಅಂಗಡಿಯಲ್ಲಿ! ಸುತ್ತ ಎತ್ತ ನೋಡಿದರೂ ಟಯರು.

“ದಾರಿಯಲ್ಲಿ ಪಂಕ್ಚರ್ ಆದ್ರೆ ಎಂತ ಮಾಡ್ತೀರಿ ಭಾವ?” ಎಂದು ಒಮ್ಮೆ ಕೇಳಿದ್ದೆ.

“ಯಾರಾದ್ರೂ ನಿಲ್ಲಿಸಿ ಸಹಾಯ ಮಾಡ್ತಾರೆ ಮಾರಾಯ್ತಿ. ಆಗ ಅವರಿಗೆ ಹಾಕ್ಲಿಕ್ಕೆ ಶಾಲು ಬೇಡ್ವಾ?”

ಇಂಥವರ ಹತ್ತಿರ ವಾದ ಮಾಡಿ ಗೆದ್ದವರುಂಟೆ?

ನನಗೆ ದುಬೈಯಲ್ಲಿ ಡ್ರೈವಿಂಗ್ ಲೈಸೆನ್ಸ್ ಸಿಕ್ಕಿದಾಗ ಆದ ಅವಮಾನ, ಕ್ಷಮಿಸಿ, ಸನ್ಮಾನ, ನಾನಿನ್ನೂ ಮರೆತಿಲ್ಲ. ಇಲ್ಲಿ ಲೈಸೆನ್ಸ್ ಪಡೆಯುವುದೆಂದರೆ ಏನೆಂದು ಪಡೆದವರಿಗೆ ಮಾತ್ರ ಗೊತ್ತು. ನಾನು ಎಷ್ಟು ಸಲ ಫೇಲಾದೆ ಎನ್ನುವುದು ನನ್ನ, ಪರೀಕ್ಷಕರ ಮತ್ತು ದೇವರ ನಡುವಿನ ವಿಷಯ. ಕೊನೆಗೂ ಪಾಸಾದೆನಲ್ಲ, ಊದ್ ಮೇಥಾದಲ್ಲಿರುವ ಅಕ್ಕನ ಮನೆಗೆ ಸ್ವೀಟ್ ಹಿಡಿದುಕೊಂಡು ಹೋದೆ. ಹೋದರೆ ಹಾಲ್‌ನ ಸೋಫಾ ಗೋಡೆಗೆ ಸರಿದಿದೆ, ನಡುವೆ ಒಂದು ಕುರ್ಚಿ, ಎದುರಲ್ಲಿ ಅಕ್ಕಪಕ್ಕದ ಫ್ಲ್ಯಾಟಿನವರು! ಭಾವ ಗಂಟಲು ಸರಿಮಾಡಿಕೊಂಡು, ನನ್ನ ಊರು ಹೇಳಿ, ನನ್ನ ಅಪ್ಪನ ಹೆಸರು ಹೇಳಿ, ಅಮ್ಮನ ಹೆಸರು ಹೇಳಿ, “ದಂಪತಿಯ ಸುಪುತ್ರಿಯಾಗಿ ಜನಿಸಿ, ಸೋಲಿಗೆ ಜಗ್ಗದೆ, ಪರೀಕ್ಷಕರೇ ಸುಸ್ತಾಗುವ ತನಕ ಪ್ರಯತ್ನಿಸಿ...” ಎಂದು ಶುರುಮಾಡಿದರು. ಪಕ್ಕದ ಫ್ಲ್ಯಾಟಿನ ಮಲಯಾಳಿ ಹೆಂಗಸು ಸೆರಗು ಬಾಯಿಗಿಟ್ಟುಕೊಂಡದ್ದನ್ನು ನಾನು ಕಣ್ಣಾರೆ ಕಂಡೆ.

ಅವರ ಸನ್ಮಾನಕ್ಕೊಂದು ಕ್ರಮವಿದೆ. ಮೊದಲು ಊರು, ಆಮೇಲೆ ತಂದೆ ತಾಯಿಯ ಹೆಸರು, ಆಮೇಲೆ ಸಾಧನೆ, ಕೊನೆಗೆ ಶಾಲು. ತಂದೆ ತಾಯಿ ಯಾರೆಂದು ಗೊತ್ತಾಗದೆ ಶಾಲು ಡಿಕ್ಕಿಯಿಂದ ಹೊರಗೆ ಬರುವುದೇ ಇಲ್ಲ. ಹಾಗಾಗಿ ಭಾವ ಕಂಡಕಂಡವರನ್ನೆಲ್ಲ “ನೀವು ಯಾರ ಮಗ?” ಎಂದು ಕೇಳುತ್ತಾರೆ. ಲಿಫ್ಟ್ ರಿಪೇರಿಗೆ ಬಂದವನನ್ನೂ ಬಿಡುವುದಿಲ್ಲ. ನನಗೆ ನಗು ಬರುತ್ತದೆ, ಸಿಟ್ಟೂ ಬರುತ್ತದೆ. ಊರಲ್ಲಿ ಬಸ್ಸಿಗೆ ಕಾದು ನಿಂತರೆ ಸಾಕು, ಯಾರೋ ಒಬ್ಬ ಅಜ್ಜಿ “ನೀನು ಯಾರ ಮಗಳು ಮಗಾ?” ಎನ್ನುತ್ತಿದ್ದಳು. ನನ್ನ ಹೆಸರು ಯಾರಿಗೂ ಬೇಡ, ಅಪ್ಪನ ಹೆಸರು ಬೇಕು! ಅದರಿಂದ ತಪ್ಪಿಸಿಕೊಳ್ಳಲಿಕ್ಕಾದರೂ ಸಮುದ್ರ ದಾಟಬೇಕು ಎಂದು ಅನಿಸುತ್ತಿತ್ತು.

ದಾಟಿದೆ. ಇಲ್ಲಿ ಯಾರೂ ಕೇಳುವುದಿಲ್ಲ. ನಾನು ಕೆಲಸ ಮಾಡುವ ಆಸ್ಪತ್ರೆಯ ಕೌಂಟರಿನಲ್ಲಿ ದಿನವಿಡೀ ಜನ ಬರುತ್ತಾರೆ. ಎಮಿರೇಟ್ಸ್ ಐಡಿ ಕೊಡಿ, ಇನ್ಶೂರೆನ್ಸ್ ಕಾರ್ಡ್ ಕೊಡಿ, ಮೊಬೈಲ್ ನಂಬರ್ ಹೇಳಿ, ಕೂತುಕೊಳ್ಳಿ ಎನ್ನುತ್ತೇನೆ. ಅವರು ಯಾರ ಮಕ್ಕಳೋ ಯಾರಿಗೆ ಗೊತ್ತು? ಕೇಳಲಿಕ್ಕೆ ಪುರುಸೊತ್ತಾದರೂ ಎಲ್ಲಿದೆ? ಇದು ತಪ್ಪೆಂದು ನನಗೆ ಎಂದೂ ಅನಿಸಿರಲಿಲ್ಲ. ನಿಜ ಹೇಳಬೇಕೆಂದರೆ ಆರಾಮವಾಗಿತ್ತು.

ಇಂಥ ಭಾವನ ಮನೆಯಲ್ಲಿ ಮಗಳು ದಿಶಾ ಒಂದು ದಿನ ತನ್ನ ಕಾಲೇಜಿನಲ್ಲಿ ಹುಡುಗಿಯರ ಫುಟ್‌ಬಾಲ್ ತಂಡ ಕಟ್ಟುತ್ತಿದ್ದೇನೆ ಎಂದು ಘೋಷಿಸಿದಳು. ಅದು ನಾವು ನೀವು ತಿಳಿದ ಫುಟ್‌ಬಾಲ್ ಅಲ್ಲ. ಫ್ಲ್ಯಾಗ್ ಫುಟ್‌ಬಾಲ್ ಅಂತೆ. ಚೆಂಡು ಎರಡೂ ತುದಿಯಲ್ಲಿ ಚೂಪು. ಅದನ್ನು ಕೈಯಲ್ಲಿ ಎಸೆಯಬೇಕು, ಕೈಯಲ್ಲಿ ಹಿಡಿಯಬೇಕು, ಎದೆಗವಚಿಕೊಂಡು ಓಡಬೇಕು. ಪ್ರತಿಯೊಬ್ಬಳ ಸೊಂಟದ ಬೆಲ್ಟಿಗೆ ಎರಡು ರಿಬ್ಬನ್ ಇಳಿಬಿಟ್ಟಿರುತ್ತಾರೆ. ಚೆಂಡು ಹಿಡಿದು ಓಡುವವಳ ರಿಬ್ಬನ್ ಒಂದನ್ನು ಎದುರಾಳಿ ಕಿತ್ತರೆ ಓಟ ಅಲ್ಲಿಗೆ ಮುಗಿಯಿತು.

“ಕಾಲೇ ತಾಗುದಿಲ್ಲ, ಇದಕ್ಕೆ ಫುಟ್‌ಬಾಲ್ ಅಂತ ಯಾರು ಹೆಸರಿಟ್ಟದ್ದು?” ಎಂದಳು ಅಕ್ಕ.

“ಇದು ನಮ್ಮ ಕಬಡ್ಡಿಯೇ ಅಲ್ವಾ? ಉಸಿರು ಹಿಡಿಯುವ ಕಷ್ಟ ಇಲ್ಲ, ಅಷ್ಟೇ!” ಎಂದರು ಪ್ರಾಯದಲ್ಲಿ ಕಬಡ್ಡಿ ಆಡಿದ್ದ ಭಾವ.

ಇಲ್ಲಿನ ಕಾಲೇಜು ಹುಡುಗಿಯರಿಗೆ ಈ ಆಟ ಹೊಚ್ಚಹೊಸತು. ಬೆರಳೆಣಿಕೆಯ ತಂಡಗಳು, ಮೊಟ್ಟಮೊದಲ ಸೀಸನ್. ದಿಶಾ ಕ್ಲಾಸಿಂದ ಕ್ಲಾಸಿಗೆ ಹೋಗಿ, ಕೈಕಾಲು ಹಿಡಿದು ಹುಡುಗಿಯರನ್ನು ಕೂಡಿಸಿದ್ದಳು. ಕಾಲೇಜಿನವರು ಒಪ್ಪಿದರು, ಆದರೆ ಒಂದು ಷರತ್ತು ಹಾಕಿದರು. ಈ ವರ್ಷ ಪ್ರಯೋಗಕ್ಕೆ ಮಾತ್ರ. ಸೋತರೆ ಚಿಂತೆಯಿಲ್ಲ. ಆದರೆ ಒಂದೇ ಒಂದು ಪಂದ್ಯಕ್ಕೆ ಹೋಗದಿದ್ದರೂ, ಅರ್ಧಕ್ಕೆ ಬಿಟ್ಟು ಬಂದರೂ ತಂಡ ಬರ್ಖಾಸ್ತು. ಆ ತಂಡ ಉಳಿಯಬೇಕು ಎನ್ನುವುದೊಂದೇ ದಿಶಾಳ ತಲೆಯಲ್ಲಿ. ಊಟದ ತಟ್ಟೆಯ ಮುಂದೆ ಕೂತರೂ ಅದೇ ಮಾತು.

ಭಾವನ ಸಂಭ್ರಮಕ್ಕೆ ಕೇಳಬೇಕೆ? ಅಭ್ಯಾಸದ ಜಾಗಕ್ಕೆ ಹೋಗಿ ಒಬ್ಬೊಬ್ಬಳನ್ನೂ ನಿಲ್ಲಿಸಿ “ಫಾದರ್ ನೇಮ್? ಮದರ್ ನೇಮ್? ನೇಟಿವ್ ಪ್ಲೇಸ್?” ಎಂದು ಕೇಳಿದರು. ಪಾಪ, ಹುಡುಗಿಯರು ಕಾಲೇಜು ಆಫೀಸಿನವರೆಂದು ತಿಳಿದರು. ಒಬ್ಬಳು ಮರುದಿನ ಪಾಸ್‌ಪೋರ್ಟ್ ಕಾಪಿ, ವೀಸಾ ಕಾಪಿ ಎರಡನ್ನೂ ತಂದುಕೊಟ್ಟಳು!

ಮೊದಲ ಪಂದ್ಯದ ದಿನ ಭಾವ ಕೈಯಲ್ಲೊಂದು ಮೈಕು ಹಿಡಿದು ಮೈದಾನದ ಗೆರೆಯಂಚಿನಲ್ಲಿ ನಿಂತರು. ಪ್ರೇಕ್ಷಕರೆಂದರೆ ಅಕ್ಕ, ನಾನು ಮತ್ತು ಹುಲ್ಲಿಗೆ ನೀರು ಬಿಡುವ ಒಬ್ಬ. ಉಳಿದ ಹುಡುಗಿಯರ ಮನೆಯವರು ಯಾರೂ ಇಲ್ಲ. ಕೆಲವರ ಅಪ್ಪ ಅಮ್ಮ ಕೆಲಸದಲ್ಲಿ, ಕೆಲವರದ್ದು ಬೇರೆ ದೇಶದಲ್ಲಿ. ಭಾವನಿಗೆ ಅದರ ಪರಿವೆಯೇ ಇಲ್ಲ. ತುಂಬಿದ ಸಭೆಯೆಂಬಂತೆ ಶುರುಮಾಡಿದರು. ಭಾಷೆ ಇಂಗ್ಲಿಷು, ಆದರೆ ‘ಸುಪುತ್ರಿ’ಗೆ ಸಮನಾದ ಪದ ಇಂಗ್ಲಿಷಿನಲ್ಲಿ ಇಲ್ಲವೆಂಬುದು ಅವರ ದೃಢ ನಂಬಿಕೆ.

“ಫ್ರಮ್ ಓಮ್ದುರ್ಮಾನ್, ಸೂಡಾನ್! ಸುಪುತ್ರಿ ಆಫ್ ಮಿಸ್ಟರ್ ಹಸನ್ ಆ್ಯಂಡ್ ಮಿಸೆಸ್ ಅಮೀನಾ! ಕುಮಾರಿ ರೀಮ್!”

ರೀಮ್ ಎಂಬ ಆ ಉದ್ದ ಕಾಲಿನ ಹುಡುಗಿ ಬಿದ್ದು ಬಿದ್ದು ನಕ್ಕಳು. ಆಮೇಲೆ ಎದೆಗೆ ಕೈಯಿಟ್ಟು, ಬಗ್ಗಿ ನಮಸ್ಕರಿಸಿ ಮೈದಾನಕ್ಕೆ ಓಡಿದಳು. ಹೀಗೇ ಒಬ್ಬೊಬ್ಬಳಿಗೂ ಆಯಿತು. ಇಷ್ಟಕ್ಕೇ ನಿಂತಿದ್ದರೆ ಚೆನ್ನಾಗಿತ್ತು. ಎರಡನೇ ಅರ್ಧ ಶುರುವಾಗಬೇಕು, ಚೆಂಡು ನಮ್ಮ ಕೈಯಲ್ಲಿದೆ, ರೆಫರಿ ಸೀಟಿ ಬಾಯಿಗಿಟ್ಟಿದ್ದಾರೆ. ಅಷ್ಟರಲ್ಲಿ ಭಾವ ಸೀದಾ ಮೈದಾನದೊಳಗೆ ನಡೆದು ರೆಫರಿಗೆ ಶಾಲು ಹೊದಿಸಿಬಿಟ್ಟರು! ಎದುರು ತಂಡದವರು ಇದು ಲಂಚವೋ ಏನೋ ಎಂದು ಗಲಾಟೆ ಎಬ್ಬಿಸಿದರು. ಆಟ ತಡಮಾಡಿದ್ದಕ್ಕೆ ದಂಡವಾಗಿ ರೆಫರಿ ನಮ್ಮ ತಂಡವನ್ನೇ ಐದು ಗಜ ಹಿಂದಕ್ಕೆ ತಳ್ಳಿದರು.

“ಸನ್ಮಾನ ಸ್ವೀಕರಿಸಿದವರು ಎರಡು ಮಾತಾಡುದು ಕ್ರಮ. ಇವರು ಸೀಟಿ ಊದಿದ್ರು!” ಎಂದು ಭಾವನಿಗೆ ಬೇಸರ.

ಆ ಪಂದ್ಯ ಸೋತೆವು. ಮುಂದಿನದ್ದರಲ್ಲಿ ರೀಮ್ ಯಾರ ಕೈಗೂ ಸಿಗದೆ ಚೆಂಡನ್ನು ಬಹುದೂರ ಹೊತ್ತು ಎದುರಾಳಿಗಳ ಕೊನೆಯ ಗೆರೆಯ ಸಮೀಪ ಬಂದಳು. ಇನ್ನು ನಾಲ್ಕು ಹೆಜ್ಜೆ ಹಾಕಿದರೆ ನಮ್ಮ ತಂಡದ ಚರಿತ್ರೆಯಲ್ಲೇ ಮೊದಲ ಅಂಕ. ಭಾವನಿಗೆ ತಡೆಯಲಾಗಲಿಲ್ಲ. ಶಾಲು ಬಿಚ್ಚಿ ಹಿಡಿದು ಓಡಿ, ಗೆರೆಗೆ ಮುಂಚೆಯೇ ಅವಳಿಗೆ ಹೊದಿಸಿದರು! ಈ ಆಟದಲ್ಲಿ ಸೊಂಟದ ರಿಬ್ಬನ್ ಮುಚ್ಚುವುದು ದೊಡ್ಡ ತಪ್ಪು. ಅಂಕವೂ ಹೋಯಿತು, ಚೆಂಡೂ ಹೋಯಿತು. ಎದುರು ತಂಡದವರು ಹುಲ್ಲಿನ ಮೇಲೆ ಹೊರಳಾಡಿ ನಕ್ಕರು. ಕೆಲವರು ವಿಡಿಯೊ ಮಾಡಿದರು.

ಮನೆಗೆ ಬರುವಾಗ ಕಾರಿನಲ್ಲಿ ದಿಶಾ ಕಿಟಕಿಯ ಕಡೆ ಮುಖ ಮಾಡಿ ಹೇಳಿದಳು: “ಪಪ್ಪಾ, ಇನ್ನು ನೀವು ಗ್ರೌಂಡಿಗೆ ಬರ್ಬೇಡಿ. ಪ್ಲೀಸ್. ಎವ್ರಿಬಡಿ ಲಾಫ್ಸ್.”

“ನಗ್ಲಿ ಮಗಾ. ನಗುದು ಒಳ್ಳೇದಲ್ವಾ?”

“ನನ್ನನ್ನು ನೋಡಿ ನಗ್ತಾರೆ ಪಪ್ಪಾ.”

ಭಾವ ಮುಂದಿನ ಸಿಗ್ನಲಿನಲ್ಲಿ ಕಾರು ನಿಲ್ಲಿಸಿದರು. ಆಮೇಲೆ “ಖಲಾಸ್. ಇನ್ನು ಬರುದಿಲ್ಲ” ಎಂದರು. ನನಗೆ ಅವರ ಮೇಲೆ ಕೆಂಡದಂಥ ಕೋಪವಿತ್ತು. ಆದರೂ ಆ ‘ಬರುದಿಲ್ಲ’ ಕೇಳಿ ಪಾಪ ಎನಿಸಿತು.

ಹುಡುಗಿಯರನ್ನೆಲ್ಲ ಕರೆದೊಯ್ಯುವ ದೊಡ್ಡ ಕಾರು ಇರುವುದು ಭಾವನ ಹತ್ತಿರ ಮಾತ್ರ. ಆದ್ದರಿಂದ ಅಪ್ಪ ಮಗಳ ನಡುವೆ ಒಂದು ಒಪ್ಪಂದವಾಯಿತು. ಭಾವ ಕಾರು ಓಡಿಸಬಹುದು, ಕಾರಿನಿಂದ ಇಳಿಯಕೂಡದು! ಹೀಗೆ ಸೀಸನ್ ಸಾಗಿತು. ಪಾರ್ಕಿಂಗಿನಲ್ಲಿ ಭಾವ, ಮೈದಾನದಲ್ಲಿ ಸೋಲು. ಹುಡುಗಿಯರು ಒಬ್ಬೊಬ್ಬರಾಗಿ ಕಳಚಿಕೊಂಡರು. ಒಬ್ಬಳಿಗೆ ಪರೀಕ್ಷೆ, ಒಬ್ಬಳ ಅಮ್ಮನಿಗೆ ಮಗಳು ಬಿಸಿಲಿಗೆ ಕಪ್ಪಾಗುವ ಚಿಂತೆ, ಇನ್ನೊಬ್ಬಳಿಗೆ ಸೋತು ಸೋತು ಸಾಕಾಗಿತ್ತು. ಆಡಲು ಐವರು ಬೇಕೇ ಬೇಕು. ಕೊನೆಯ ಪಂದ್ಯದ ಹೊತ್ತಿಗೆ ಉಳಿದವರೂ ಐವರೇ.

ಈ ನಡುವೆ ಭಾವ ಒಮ್ಮೆ ಅಂಗಡಿಯಿಂದ ನನಗೆ ಫೋನ್ ಮಾಡಿದ್ದರು.

“ಈಗ ಮಕ್ಕಳ ಹೆಸರು ಯಾರು ಕರೀತಾರೆ?”

“ಯಾರೂ ಇಲ್ಲ ಭಾವ. ರೆಫರಿ ಸೀಟಿ ಊದ್ತಾರೆ, ಆಟ ಶುರು ಆಗ್ತದೆ.”

“ಹಾಗೆ ಸುಮ್ಮನೆ?”

“ಹೌದು, ಹಾಗೆ ಸುಮ್ಮನೆ.”

“ಛೆ!” ಎಂದು ಫೋನಿಟ್ಟರು.

ಕೊನೆಯ ಪಂದ್ಯ ಅಬುಧಾಬಿಯಲ್ಲಿ. ಇದೊಂದನ್ನು ಆಡಿ ಮುಗಿಸಿದರೆ ತಂಡ ಉಳಿದಂತೆ. ಎರಡು ವಾರ ಅಭ್ಯಾಸಕ್ಕೆ ಬಾರದಿದ್ದ ರೀಮ್ ಅಂತೂ ಬಂದಿದ್ದಳು. ಜ್ವರವಿತ್ತಂತೆ. ದಾರಿಯುದ್ದಕ್ಕೂ ತುಟಿ ಬಿಚ್ಚಲಿಲ್ಲ. ಮೊದಲ ಅರ್ಧ ಮುಗಿಯುವಷ್ಟರಲ್ಲಿ ನಮ್ಮವರು ಲೆಕ್ಕ ಹಿಡಿಯಲಾರದಷ್ಟು ಹಿಂದೆ ಬಿದ್ದಿದ್ದರು. ವಿರಾಮದಲ್ಲಿ ರೀಮ್ ಹುಲ್ಲಿನ ಮೇಲೆ ಕೂತು ಸೊಂಟದ ಬೆಲ್ಟು ಬಿಚ್ಚಿ ಪಕ್ಕಕ್ಕಿಟ್ಟಳು. ತನ್ನಿಂದ ಆಗುವುದಿಲ್ಲ ಎಂದಳು.

ಅವಳು ಏಳದಿದ್ದರೆ ಪಂದ್ಯ ಅಲ್ಲಿಗೆ ಮುಗಿಯಿತು, ತಂಡವೂ ಮುಗಿಯಿತು. ದಿಶಾ ಬೈಯುತ್ತಾಳೆ ಎಂದುಕೊಂಡೆ. ಬೈಯಲಿಲ್ಲ. ಅವಳ ಪಕ್ಕದಲ್ಲಿ ಕೂತಳು. ಆಗ ರೀಮ್ ಹೇಳಿದಳು. ಜ್ವರವಲ್ಲ. ಊರಲ್ಲಿ ಯುದ್ಧ. ಅವಳ ಅಪ್ಪ ತೀರಿಕೊಂಡಿದ್ದರು. ಹೋಗುವ ದಾರಿಯಿಲ್ಲ, ಹೋದರೆ ಮರಳಿ ಬರುವ ದಾರಿಯೂ ಇಲ್ಲ. ಹಾಸ್ಟೆಲಿನಲ್ಲಿ ಯಾರಿಗೂ ಹೇಳಿರಲಿಲ್ಲ. ಹೇಳಿ ಏನು ಪ್ರಯೋಜನ, ಇಲ್ಲಿ ಯಾರಿಗೆ ಅವರು ಗೊತ್ತು?

“ಈ ದೇಶದಲ್ಲಿ ನನ್ನ ಅಪ್ಪನ ಹೆಸರನ್ನು ಬಾಯಿಬಿಟ್ಟು ಹೇಳಿದವರು ನಿನ್ನ ಡ್ಯಾಡ್ ಒಬ್ಬರೇ” ಎಂದಳು ಇಂಗ್ಲಿಷಿನಲ್ಲಿ. “ಅದೂ ಮೈಕಿನಲ್ಲಿ.” ಹೇಳುತ್ತಾ ನಗು ಬಂತು ಅವಳಿಗೆ, ನಗುತ್ತಾ ಅಳು ಬಂತು. “ಅವರು ಈಗ ಯಾಕೆ ಬರುವುದಿಲ್ಲ?”

ದಿಶಾ ಎದ್ದು ಪಾರ್ಕಿಂಗಿನ ಕಡೆಗೆ ಓಡಿದಳು. ನಾನೂ ಏದುಸಿರು ಬಿಡುತ್ತಾ ಹಿಂದೆ ಓಡಿದೆ. ಭಾವ ಒಪ್ಪಂದದ ಪ್ರಕಾರ ಕಾರಿನೊಳಗೆ, ನಿಂತ ಕಾರಿನಲ್ಲಿ ಸೀಟ್ ಬೆಲ್ಟ್ ಹಾಕಿಕೊಂಡು ಕೂತಿದ್ದರು!

“ಪಪ್ಪಾ, ಬನ್ನಿ.”

“ನಾನು ಇಳೀಬಾರ್ದಲ್ಲ ಮಗಾ?”

“ಬನ್ನಿ ಪಪ್ಪಾ. ನನ್ನ ತಪ್ಪು. ಬನ್ನಿ.”

ನಡೆಯುತ್ತಾ ದಿಶಾ ಎಲ್ಲವನ್ನೂ ಹೇಳಿದಳು. ಭಾವ ಮೈಕು ಕೇಳಲಿಲ್ಲ, ಡಿಕ್ಕಿಯ ಕಡೆ ತಿರುಗಿಯೂ ನೋಡಲಿಲ್ಲ. ಸೀದಾ ರೀಮ್ ಇದ್ದಲ್ಲಿಗೆ ಹೋಗಿ, ಮಂಡಿನೋವಿನ ಮನುಷ್ಯ, ಕಷ್ಟಪಟ್ಟು ಅವಳೆದುರು ಕೂತರು.

ನನಗೆ ಮಾತ್ರ ಒಳಗೊಳಗೇ ಹೆದರಿಕೆ. ನಮ್ಮ ಸಭೆಗಳಲ್ಲಿ ತೀರಿಕೊಂಡವರ ಹೆಸರಿಗೆ ಮೊದಲು ‘ದಿವಂಗತ’ ಎಂದು ಸೇರಿಸಲೇಬೇಕು. ಸೇರಿಸದಿದ್ದರೆ ಅದು ತಪ್ಪು, ಅಗೌರವ. ಯಾರಾದರೂ ಮರೆತರೆ ಭಾವ ವೇದಿಕೆ ಹತ್ತಿ ತಿದ್ದಿಸಿದ್ದುಂಟು. ಇಂಥ ನೇಮದ ಮನುಷ್ಯ ಈಗ ಏನು ಹೇಳುತ್ತಾರೋ? ಆ ಮಾತನ್ನು ಆ ಹುಡುಗಿ ಇನ್ನೂ ತನ್ನ ಬಾಯಿಂದಲೇ ಸರಿಯಾಗಿ ಹೇಳಿಕೊಂಡಿರಲಿಲ್ಲ.

ಭಾವ ಮೆಲ್ಲಗೆ ಕೇಳಿದರು: “ಮಗಾ, ಹೌ ಐ ಸೇ?”

“ಮೊದಲು ಹೇಳಿದ ಹಾಗೆಯೇ, ಅಂಕಲ್” ಎಂದಳು ರೀಮ್.

ಭಾವ ಎದ್ದು ಗೆರೆಯಂಚಿಗೆ ಹೋದರು. ಬರೀ ಗಂಟಲಿನಿಂದ ಒಬ್ಬೊಬ್ಬಳನ್ನೇ ಕರೆದರು. ಊರು, ತಂದೆ, ತಾಯಿ, ಹೆಸರು. ಯಾರದ್ದನ್ನೂ ಮರೆತಿರಲಿಲ್ಲ. ಎದುರು ತಂಡದವರು ಮೊದಲು ನಕ್ಕರು, ಆಮೇಲೆ ಎದ್ದು ನಿಂತು ಕೇಳಿದರು. ಕೊನೆಗೆ ಉಳಿದವಳು ರೀಮ್.

“ಫ್ರಮ್ ಓಮ್ದುರ್ಮಾನ್, ಸೂಡಾನ್. ಸುಪುತ್ರಿ ಆಫ್ ಮಿಸ್ಟರ್ ಹಸನ್...” ಭಾವ ಒಂದು ಕ್ಷಣ ತಡೆದರು. “...ಮಿಸ್ಟರ್ ಹಸನ್ ಆ್ಯಂಡ್ ಮಿಸೆಸ್ ಅಮೀನಾ. ಕುಮಾರಿ ರೀಮ್!”

ರೀಮ್ ಬೆಲ್ಟು ಕಟ್ಟಿಕೊಂಡು ಮೈದಾನಕ್ಕೆ ನಡೆದಳು.

ಆ ಪಂದ್ಯವನ್ನೂ ಸೋತೆವೆಂದು ಬೇರೆ ಹೇಳಬೇಕೆ? ಸೋತೆವು, ಹೀನಾಯವಾಗಿ ಸೋತೆವು. ಆದರೆ ಕೊನೆಯ ಸೀಟಿಯವರೆಗೂ ಐವರೂ ಮೈದಾನದಲ್ಲಿದ್ದರು. ತಂಡ ಉಳಿಯಿತು. ದಿಶಾ ಅಪ್ಪನ ಅಂಗಿಯಲ್ಲಿ ಮುಖ ಹುದುಗಿಸಿ ಅತ್ತಳು, ನಾನು ಆಚೆ ತಿರುಗಿ ಅತ್ತೆ.

ಮರಳುವಾಗ ರೀಮ್ ಭಾವನ ಪಕ್ಕದ ಸೀಟಿನಲ್ಲಿ ಕೂತಳು. ಅಬುಧಾಬಿಯ ಕೊನೆಯ ಕಟ್ಟಡಗಳು ಹಿಂದಾದ ಮೇಲೆ ಭಾವ ರಸ್ತೆಯನ್ನೇ ನೋಡುತ್ತಾ ತಮ್ಮ ಹರಕು ಇಂಗ್ಲಿಷಿನಲ್ಲಿ ಕೇಳಿದರು, ಹಸನ್ ಸಾಹೇಬರು ಎಂತ ಕೆಲಸದಲ್ಲಿದ್ದರು ಎಂದು.

ಅವಳು ಹೇಳಲು ಶುರುಮಾಡಿದಳು. ದುಬೈ ಬರುವವರೆಗೂ ಅವಳು ಹೇಳುತ್ತಲೇ ಇದ್ದಳು. ನನ್ನ ಭಾವ ಕಾರನ್ನು ಆದಷ್ಟು ನಿಧಾನವಾಗಿ ಓಡಿಸಿದರು.